ಎದೆಗೂಡಿನ ನಡುಮನೆ: ಬಿಡಿಸಿ ಜೋಡಿಸುವ ಮೀಡಿಯಾಸ್ಟೈನಮ್ ಮಾದರಿಯೊಂದರ ವಿಮರ್ಶೆ

ಎರಡು ಶ್ವಾಸಕೋಶಗಳ ನಡುವೆ, ಮುಂದೆ ಎದೆಮೂಳೆಯಿಂದ ಹಿಂದೆ ಬೆನ್ನುಮೂಳೆಯವರೆಗೆ, ಮೇಲೆ ಕತ್ತಿನ ಬುಡದಿಂದ ಕೆಳಗೆ ಎದೆಗೂ ಹೊಟ್ಟೆಗೂ ನಡುವಿನ ಸ್ನಾಯುಪೊರೆಯಾದ ವಪೆಯವರೆಗೆ ಇರುವ ಭಾಗವನ್ನು ವೈದ್ಯಕೀಯದಲ್ಲಿ ಮೀಡಿಯಾಸ್ಟೈನಮ್ ಎನ್ನುತ್ತಾರೆ. ಶ್ವಾಸಕೋಶಗಳನ್ನು ಬಿಟ್ಟರೆ ಎದೆಗೂಡಿನೊಳಗಿನ ಮುಖ್ಯ ಅಂಗಗಳೆಲ್ಲವೂ ಇಲ್ಲಿಯೇ ನೆಲೆಸಿವೆ. ಹೃದಯ ಮತ್ತು ಥೈಮಸ್ ಎಂಬ ಗ್ರಂಥಿ ಇಲ್ಲಿನ ನಿವಾಸಿಗಳಾದರೆ, ಶ್ವಾಸನಾಳ, ಅನ್ನನಾಳ, ಮಹಾಪಧಮನಿ, ಮಿದುಳಿನಿಂದ ಇಳಿಯುವ ವೇಗಸ್ ನರಗಳು, ವಪೆಯನ್ನು ಆಡಿಸುವ ಫ್ರೆನಿಕ್ ನರಗಳು ಮೇಲಿನಿಂದ ಕೆಳಕ್ಕೋ ಕೆಳಗಿನಿಂದ ಮೇಲಕ್ಕೋ ಹಾದುಹೋಗುವ ದಾರಿಹೋಕರು. ಮನೆಯೊಳಗೆ ಯಾವ ಕೋಣೆಗೆ ಹೋಗಬೇಕಾದರೂ ನಡುಮನೆಯನ್ನು ಹಾದೇ ಹೋಗಬೇಕಾದಂತೆ, ಕತ್ತಿಗೂ ಹೊಟ್ಟೆಗೂ ನಡುವಿನ ಓಡಾಟವೆಲ್ಲ ಬಹುಮಟ್ಟಿಗೆ ಈ ಭಾಗದ ಮೂಲಕವೇ ನಡೆಯುತ್ತದೆ. ಅಂಗರಚನಾಶಾಸ್ತ್ರವನ್ನು ಕಲಿಸುವ ನನಗೆ ವಿದ್ಯಾರ್ಥಿಗಳು ಅತಿ ಹೆಚ್ಚು ತಡವರಿಸುವುದು ಇಲ್ಲಿಯೇ ಎಂಬುದು ಅನುಭವದಿಂದ ತಿಳಿದ ಮಾತು. ಕಳೆದ ಮೂರು ತಂಡಗಳಿಗೆ ಈ ಪಾಠವನ್ನು ಮಾಡುವಾಗ ನಾನು ಬಳಸಿದ, ಬಿಡಿಸಿ ಮತ್ತೆ ಜೋಡಿಸಬಹುದಾದ ಪ್ಲಾಸ್ಟಿಕ್ ಮಾದರಿಯೊಂದರ ಗುಣದೋಷಗಳನ್ನು ಇಲ್ಲಿ ದಾಖಲಿಸುತ್ತಿದ್ದೇನೆ.

ಮಾದರಿ ಪ್ರೌಢ ದೇಹದ ನಿಜ ಅಳತೆಯಲ್ಲಿದೆ. ಹಿಂಬದಿಯಲ್ಲಿ ಎದೆಭಾಗದ 12 ಕಶೇರುಮಣಿಗಳು ಒಂದೇ ಕಂಬವಾಗಿ ನಿಂತಿದ್ದು, ಅದರ ಮೇಲೆ ಮಿಕ್ಕ ಭಾಗಗಳು ಒಂದರ ಮುಂದೊಂದು ಅಯಸ್ಕಾಂತಗಳ ನೆರವಿನಿಂದ ಕೂರುತ್ತವೆ. ಎದೆಮೂಳೆಯನ್ನು ತೆಗೆದರೆ ಥೈಮಸ್, ಅದನ್ನು ತೆಗೆದರೆ ದೊಡ್ಡ ಅಭಿಧಮನಿಗಳು, ಅನಂತರ ಮಹಾಪಧಮನಿಯ ಕಮಾನು ಮತ್ತು ಹೃದಯ, ಅದರ ಹಿಂದೆ ಶ್ವಾಸನಾಳ, ಕೊನೆಗೆ ಅನ್ನನಾಳ ಸಿಗುತ್ತವೆ. ಶ್ವಾಸಕೋಶಗಳನ್ನು ಕೊಟ್ಟಿಲ್ಲ. ಅವುಗಳ ಬೇರುಗಳನ್ನು, ಎಂದರೆ ಶ್ವಾಸನಾಳದ ಕವಲು ಮತ್ತು ರಕ್ತನಾಳಗಳು ಒಳಹೋಗುವ ಜಾಗವನ್ನು, ಎರಡೂ ಬದಿಗಳಲ್ಲಿ ಕತ್ತರಿಸಿದಂತೆ ತೋರಿಸಿದ್ದಾರೆ. ಇದು ಸರಿಯಾದ ತೀರ್ಮಾನ. ಶ್ವಾಸಕೋಶಗಳಿದ್ದರೆ ಅವುಗಳ ಗಾತ್ರದ ಮುಂದೆ ನಡುವಿನ ಸೂಕ್ಷ್ಮಗಳು ಕಣ್ಣಿಗೆ ಬೀಳುತ್ತಿರಲಿಲ್ಲ.

ಇಂಥ ಮಾದರಿಯನ್ನು ಅಳೆಯಬೇಕಾದ ಮಾನದಂಡ ಯಾವುದೆಂಬುದನ್ನು ಮೊದಲೇ ಹೇಳಿಬಿಡುವುದು ನ್ಯಾಯ. ಹೃದಯದ ಮಾದರಿಯಲ್ಲಿ ಕವಾಟಗಳ ಆಕಾರವನ್ನು ನೋಡುತ್ತೇವೆ, ಮೂತ್ರಪಿಂಡದ ಮಾದರಿಯಲ್ಲಿ ಒಳಪದರಗಳನ್ನು ನೋಡುತ್ತೇವೆ. ಮೀಡಿಯಾಸ್ಟೈನಮ್ ಮಾತ್ರ ಒಂದು ಅಂಗವೇ ಅಲ್ಲ. ಅದು ಅಂಗಗಳ ನೆರೆಹೊರೆ. ಯಾವುದರ ಮುಂದೆ ಯಾವುದಿದೆ, ಯಾವುದನ್ನು ಯಾವುದು ಬಳಸಿ ಹೋಗುತ್ತದೆ, ಯಾವುದು ಊದಿಕೊಂಡರೆ ಯಾವುದಕ್ಕೆ ಒತ್ತು ಬೀಳುತ್ತದೆ ಎಂಬುದೇ ಇಲ್ಲಿನ ಜ್ಞಾನ. ಆದ್ದರಿಂದ ಅಂಗಗಳು ಎಷ್ಟೇ ಚೆಲುವಾಗಿ ಮೂಡಿದ್ದರೂ ಅವುಗಳ ನಡುವಿನ ಸಂಬಂಧ ತಪ್ಪಿದ್ದರೆ ಆ ಮಾದರಿ ಕಲಿಕೆಗೆ ಒದಗುವುದಿಲ್ಲ. 18ನೆಯ ಶತಮಾನದ ಇಟಲಿಯಲ್ಲಿ ತಯಾರಾದ ಮೇಣದ ದೇಹಗಳು ನೋಡುವವರನ್ನು ಬೆರಗುಗೊಳಿಸಿದವು. 1820ರ ದಶಕದಲ್ಲಿ ಫ್ರಾನ್ಸಿನ ವೈದ್ಯ ಲೂಯಿ ಓಜೂ ಕಾಗದದ ತಿರುಳಿನಿಂದ ಮಾಡಿದ ಮಾದರಿಗಳನ್ನು ವಿದ್ಯಾರ್ಥಿಗಳು ಕೈಯಾರೆ ಬಿಚ್ಚಿ ಮತ್ತೆ ಕಟ್ಟಬಹುದಾಗಿತ್ತು. ಮೀಡಿಯಾಸ್ಟೈನಮ್ಮಿಗೆ ಬೇಕಾದದ್ದು ಈ ಎರಡನೆಯ ಪರಂಪರೆ, ಮತ್ತು ಈ ಮಾದರಿ ಅದೇ ದಾರಿಯಲ್ಲಿ ನಡೆದಿದೆ.

ಮೊದಲ ಮೆಚ್ಚುಗೆ ಎದೆಮೂಳೆಗೆ ಸಲ್ಲಬೇಕು. ಅದರ ಮೇಲ್ತುಂಡು ಮತ್ತು ನಡುತುಂಡು ಸೇರುವಲ್ಲಿ ಅಡ್ಡಲಾದ ಉಬ್ಬೊಂದಿದೆ. ಇದನ್ನು ಲೂಯಿಯ ಕೋನ ಎಂದು ಕರೆಯುವ ವಾಡಿಕೆ. ಯಾರೇ ಆಗಲಿ ಕತ್ತಿನ ಬುಡದ ಗುಳಿಯಿಂದ ಬೆರಳನ್ನು ಕೆಳಕ್ಕೆ ಜಾರಿಸಿದರೆ ಸುಮಾರು 5 ಸೆಂಟಿಮೀಟರಿನಷ್ಟು ಕೆಳಗೆ ಈ ಉಬ್ಬು ತಾಗುತ್ತದೆ, ಅದರ ಪಕ್ಕದಲ್ಲಿಯೇ ಎರಡನೆಯ ಪಕ್ಕೆಲುಬು ಬಂದು ಸೇರುತ್ತದೆ. ಮಾದರಿಯಲ್ಲಿ ಈ ಉಬ್ಬನ್ನು ಕಣ್ಣುಮುಚ್ಚಿಯೂ ಗುರುತಿಸುವಷ್ಟು ಸ್ಪಷ್ಟವಾಗಿ ಮೂಡಿಸಿದ್ದಾರೆ. ಅಷ್ಟೇ ಅಲ್ಲದೆ, ಅಲ್ಲಿಂದ ಹಿಂದಕ್ಕೆ ನಾಲ್ಕನೆಯ ಮತ್ತು ಐದನೆಯ ಕಶೇರುಮಣಿಗಳ ನಡುವಿನ ತಟ್ಟೆಯವರೆಗೆ ತೂರಿಸಬಹುದಾದ ಪಾರದರ್ಶಕ ಹಾಳೆಯೊಂದನ್ನು ಕೊಟ್ಟಿದ್ದಾರೆ. ಈ ಹಾಳೆಯ ಮೇಲಿನದು ಮೇಲ್ಭಾಗ, ಕೆಳಗಿನದು ಕೆಳಭಾಗ; ಕೆಳಭಾಗದಲ್ಲಿ ಹೃದಯಾವರಣದ ಮುಂದಿನದು, ಅದರೊಳಗಿನದು, ಹಿಂದಿನದು ಎಂದು ಮತ್ತೆ ಮೂರು ಪಾಲು. ಪುಸ್ತಕದಲ್ಲಿ ಬಾಯಿಪಾಠವಾಗುವ ಈ ವಿಂಗಡಣೆ ಹಾಳೆಯನ್ನು ತೂರಿಸಿದ ಒಡನೆ ಕಣ್ಣಿಗೆ ಕಾಣುವ ಸಂಗತಿಯಾಗುತ್ತದೆ. ಮಹಾಪಧಮನಿಯ ಕಮಾನು ಎಲ್ಲಿ ಆರಂಭವಾಗಿ ಎಲ್ಲಿ ಮುಗಿಯುತ್ತದೆ, ಶ್ವಾಸನಾಳ ಎಲ್ಲಿ ಕವಲೊಡೆಯುತ್ತದೆ ಎಂಬ ಪ್ರಶ್ನೆಗಳಿಗೆಲ್ಲ ಉತ್ತರ ಅದೇ ಹಾಳೆಯ ಮಟ್ಟ.

ಆದರೆ ಜೊತೆಗಿರುವ ಕೈಪಿಡಿ ಒಂದು ಮುಖ್ಯ ಎಚ್ಚರಿಕೆಯನ್ನು ಕೊಡುವುದಿಲ್ಲ. ಈ ಮಟ್ಟಗಳು ಅಂಗಾತ ಮಲಗಿದ ದೇಹಕ್ಕೆ ಹೊಂದುವಂಥವು. ಎದ್ದು ನಿಂತಾಗ ಅಂಗಗಳು ತಮ್ಮ ಭಾರದಿಂದ ಕೆಳಕ್ಕೆ ಜಗ್ಗುತ್ತವೆ. ಆಗ ಕಮಾನನ್ನೇ ಆ ಹಾಳೆ ಕತ್ತರಿಸುತ್ತದೆ, ಶ್ವಾಸನಾಳದ ಕವಲು ಹಾಳೆಗಿಂತ ಕೆಳಗಿಳಿದಿರುತ್ತದೆ. ಮಾದರಿಯನ್ನು ಮೇಜಿನ ಮೇಲೆ ನೆಟ್ಟಗೆ ನಿಲ್ಲಿಸಿ ಮಲಗಿದ ದೇಹದ ಮಟ್ಟಗಳನ್ನು ತೋರಿಸುವಾಗ ಈ ಮಾತನ್ನು ಕಲಿಸುವವರು ಬಾಯಿಬಿಟ್ಟು ಹೇಳಲೇಬೇಕಾಗುತ್ತದೆ. ನಿಂತ ರೋಗಿಯ ಎಕ್ಸ್-ರೇ ಚಿತ್ರವನ್ನು ಮೊದಲ ಸಲ ನೋಡುವ ವಿದ್ಯಾರ್ಥಿ ಗೊಂದಲಗೊಳ್ಳುವುದು ಇಲ್ಲಿಯೇ.

ಮೇಲ್ಭಾಗದ ಜೋಡಣೆ ಬಹುಪಾಲು ನಿಖರವಾಗಿದೆ. ಮುಂದಿನಿಂದ ಹಿಂದಕ್ಕೆ ಮೊದಲು ಥೈಮಸ್, ಬಳಿಕ ಅಭಿಧಮನಿಗಳು, ಬಳಿಕ ಅಪಧಮನಿಗಳು, ಬಳಿಕ ಗಾಳಿಯ ನಾಳ, ಕಡೆಗೆ ಅನ್ನದ ನಾಳ ಎಂಬ ಕ್ರಮವನ್ನು ವಿದ್ಯಾರ್ಥಿಗಳು ಎರಡು ಸಲ ಬಿಡಿಸಿ ಜೋಡಿಸಿದ ಮೇಲೆ ಮರೆಯುವುದಿಲ್ಲ. ತಲೆ ಮತ್ತು ತೋಳಿನ ರಕ್ತವನ್ನು ತರುವ ಎಡಬದಿಯ ಬ್ರೇಕಿಯೋಸೆಫಾಲಿಕ್ ಅಭಿಧಮನಿ ಎದೆಮೂಳೆಯ ಹಿಂದೆ ಓರೆಯಾಗಿ ಬಲಕ್ಕೆ ಸಾಗಬೇಕಾದ್ದರಿಂದ ಸುಮಾರು 6 ಸೆಂಟಿಮೀಟರ್ ಉದ್ದ. ಬಲಬದಿಯದು ನೆಟ್ಟಗೆ ಇಳಿಯುವುದರಿಂದ ಅದರ ಅರ್ಧಕ್ಕಿಂತಲೂ ಕಡಿಮೆ. ನಾನು ದಾರವಿಟ್ಟು ಅಳೆದು ನೋಡಿದೆ, ಮಾದರಿಯಲ್ಲಿ ಈ ಅನುಪಾತ ಸರಿಯಾಗಿದೆ. ಬಲಗತ್ತಿನ ಅಭಿಧಮನಿಯಿಂದ ಹೃದಯದ ಕಡೆಗೆ ನಳಿಕೆ ತೂರಿಸುವುದು ಏಕೆ ಸುಲಭ ಎಂಬ ಪ್ರಶ್ನೆಗೆ ಅಲ್ಲಿಯೇ ಬೆರಳಿಟ್ಟು ಉತ್ತರ ಹೇಳಬಹುದು. ಥೈಮಸ್ ಮಾತ್ರ ಪ್ರೌಢ ದೇಹಕ್ಕೆ ಒಪ್ಪದಷ್ಟು ದೊಡ್ಡದಾಗಿದೆ. ಈ ಗ್ರಂಥಿ ಬಾಲ್ಯದಲ್ಲಿ ಎದ್ದು ಕಾಣುವಷ್ಟಿದ್ದು, ಹರೆಯದ ನಂತರ ಕುಗ್ಗುತ್ತ ಬಂದು ಅದರ ಬಹುಭಾಗವನ್ನು ಕೊಬ್ಬು ಆಕ್ರಮಿಸುತ್ತದೆ. ಮಗುವಿನ ಥೈಮಸ್ಸನ್ನು ಹಿರಿಯರ ಎದೆಯಲ್ಲಿ ಕೂರಿಸಿ, ಅದರ ಬಗ್ಗೆ ಒಂದು ಸಾಲನ್ನೂ ಬರೆಯದೆ ಬಿಟ್ಟಿರುವುದು ಸರಿಯಲ್ಲ.

ಈ ಮಾದರಿಯ ಅತ್ಯುತ್ತಮ ಭಾಗವೆಂದರೆ, ನನ್ನ ದೃಷ್ಟಿಯಲ್ಲಿ, ಎಡಗಡೆಯ ರಿಕರೆಂಟ್ ಲ್ಯಾರಿಂಜಿಯಲ್ ನರ. ಇದು ವೇಗಸ್ ನರದ ಕವಲು. ಧ್ವನಿಪೆಟ್ಟಿಗೆಯ ಒಳಸ್ನಾಯುಗಳಲ್ಲಿ ಒಂದನ್ನು ಬಿಟ್ಟು ಉಳಿದೆಲ್ಲವನ್ನೂ ಆಡಿಸುವ ಈ ನರ ಕತ್ತಿನಲ್ಲಿಯೇ ನೇರವಾಗಿ ಅಲ್ಲಿಗೆ ಹೋಗಬಹುದಿತ್ತು. ಹಾಗೆ ಮಾಡದೆ ಎದೆಯೊಳಗಿಳಿದು, ಮಹಾಪಧಮನಿಯ ಕಮಾನನ್ನು ಕೆಳಗಿನಿಂದ ಬಳಸಿ, ಶ್ವಾಸನಾಳ ಮತ್ತು ಅನ್ನನಾಳಗಳ ನಡುವಿನ ತೋಡಿನಲ್ಲಿ ಮತ್ತೆ ಮೇಲಕ್ಕೇರುತ್ತದೆ. ಮಾದರಿಯ ತಯಾರಕರು ಇದನ್ನು ಬಣ್ಣದ ಗೆರೆಯಾಗಿ ಬರೆಯದೆ, ಬಾಗುವ ಹಳದಿ ಎಳೆಯಾಗಿ ಮಾಡಿ ನಿಜವಾಗಿಯೇ ಕಮಾನಿನ ಕೆಳಗೆ ಸುತ್ತಿಸಿದ್ದಾರೆ. ಎಳೆಯ ಪಕ್ಕದಲ್ಲಿ, ಕಮಾನನ್ನು ಎಡ ಶ್ವಾಸಕೋಶದ ಅಪಧಮನಿಗೆ ಕಟ್ಟಿರುವ ಲಿಗಮೆಂಟಮ್ ಆರ್ಟೀರಿಯೋಸಮ್ ಎಂಬ ಬಿಳಿಯ ಹುರಿಯೂ ಇದೆ. ಗರ್ಭದಲ್ಲಿದ್ದಾಗ ರಕ್ತವನ್ನು ಶ್ವಾಸಕೋಶಗಳಿಗೆ ಹೋಗದಂತೆ ಮಹಾಪಧಮನಿಗೆ ತಿರುಗಿಸುತ್ತಿದ್ದ ನಾಳದ ಉಳಿಕೆ ಅದು. ಭ್ರೂಣದಲ್ಲಿ ಹೃದಯ ಮೊದಲು ರೂಪುಗೊಳ್ಳುವುದು ಕತ್ತಿನ ಭಾಗದಲ್ಲಿ. ಅದು ಎದೆಗೆ ಇಳಿಯುವಾಗ ಈ ನಾಳದ ಕೆಳಗೆ ಸಿಕ್ಕಿಕೊಂಡಿದ್ದ ನರವನ್ನೂ ತನ್ನೊಡನೆ ಎಳೆದು ತಂದಿತು. ಬಲಗಡೆಯಲ್ಲಿ ಆ ನಾಳ ಅಳಿದುಹೋಗುವುದರಿಂದ ಬಲದ ನರ ಎದೆಗೆ ಇಳಿಯದೆ, ಕತ್ತಿನ ಬುಡದಲ್ಲಿರುವ ಸಬ್‌ಕ್ಲೇವಿಯನ್ ಅಪಧಮನಿಯನ್ನು ಬಳಸಿ ಹಿಂದಿರುಗುತ್ತದೆ. ಹುರಿ ಮತ್ತು ಎಳೆಗಳನ್ನು ಜೊತೆಯಲ್ಲಿ ತೋರಿಸಿರುವುದರಿಂದ ಈ ಇಡೀ ಕಥೆಯನ್ನು ಮಾದರಿಯ ಮೇಲೆಯೇ ಹೇಳಲು ಸಾಧ್ಯವಾಯಿತು. ಎಡ ಶ್ವಾಸಕೋಶದ ಗಡ್ಡೆಯೋ, ಕಮಾನಿನ ಉಬ್ಬೋ ಮೊದಲು ಗೊಗ್ಗರು ಧ್ವನಿಯಾಗಿ ಏಕೆ ಕಾಣಿಸಿಕೊಳ್ಳಬಹುದು ಎಂದು ಕೇಳಿದಾಗ, ವಿದ್ಯಾರ್ಥಿನಿಯೊಬ್ಬಳು ಮಾತಾಡದೆ ಎಳೆಯನ್ನು ಬೆರಳಿನಿಂದ ಮೆಲ್ಲಗೆ ಒತ್ತಿ ತೋರಿಸಿದಳು. ಅಂಥ ಉತ್ತರವನ್ನು ಚಿತ್ರಪಟದಿಂದ ಪಡೆಯುವುದು ಕಷ್ಟ.

ಇಷ್ಟು ಶ್ರದ್ಧೆ ತೋರಿದವರು ಬಲಗಡೆಯ ವೇಗಸ್ ನರದಲ್ಲಿ ಮಾಡಿರುವ ತಪ್ಪನ್ನು ನಾನು ಲಘುವಾಗಿ ಕಾಣಲಾರೆ. ಶ್ವಾಸಕೋಶದ ಬೇರಿನ ಮುಂದೆ ಫ್ರೆನಿಕ್ ನರ, ಹಿಂದೆ ವೇಗಸ್ ನರ ಎಂಬುದು ಎರಡೂ ಬದಿಗಳಿಗೆ ಅನ್ವಯಿಸುವ ನಿಯಮ. ಮಾದರಿಯ ಎಡಬದಿಯಲ್ಲಿ ಇದು ಸರಿಯಾಗಿದೆ. ಬಲಬದಿಯಲ್ಲಿ ಎರಡು ನರಗಳನ್ನೂ ಬೇರಿನ ಮುಂದೆಯೇ ಇಳಿಸಿ, ಎರಡಕ್ಕೂ ಒಂದೇ ಹಳದಿ ಬಣ್ಣ ಹಚ್ಚಿದ್ದಾರೆ. ಶಸ್ತ್ರಚಿಕಿತ್ಸಕರು ಶ್ವಾಸಕೋಶದ ಬೇರನ್ನು ಬಿಡಿಸುವಾಗ ಉಳಿಸಿಕೊಳ್ಳಬೇಕಾದ ನರ ಯಾವುದು, ಅದು ಯಾವ ಕಡೆಯಲ್ಲಿ ಸಿಗುತ್ತದೆ ಎಂಬ ತಿಳಿವಳಿಕೆಯ ಅಡಿಪಾಯವೇ ಈ ನಿಯಮ. ಫ್ರೆನಿಕ್ ನರ ಕತ್ತಿನ ಮೂರು, ನಾಲ್ಕು ಮತ್ತು ಐದನೆಯ ನರಗಳಿಂದ ಹುಟ್ಟಿ ವಪೆಗೆ ಚಲನೆ ಕೊಡುತ್ತದೆ. ಅದು ತುಂಡಾದರೆ ವಪೆಯ ಆ ಅರ್ಧ ಸ್ತಬ್ಧವಾಗುತ್ತದೆ. ವಪೆಯ ಅಥವಾ ಹೃದಯಾವರಣದ ನೋವು ಹೆಗಲ ತುದಿಯಲ್ಲಿ ಕಾಣಿಸಿಕೊಳ್ಳುವುದೂ ಇದೇ ನರದ ಮೂಲಕ, ಏಕೆಂದರೆ ಹೆಗಲಿನ ಚರ್ಮದ ಸಂವೇದನೆಯೂ ಕತ್ತಿನ ಅದೇ ಮಟ್ಟಕ್ಕೆ ಹೋಗಿ ಸೇರುತ್ತದೆ. ಇಷ್ಟು ಅರ್ಥವಿರುವ ಎರಡು ನರಗಳನ್ನು ಬಣ್ಣದಲ್ಲಿಯೂ ಜಾಗದಲ್ಲಿಯೂ ಬೇರ್ಪಡಿಸದಿರುವುದು ಕೇವಲ ಅಂದಚಂದದ ಕೊರತೆಯಲ್ಲ. ಇದನ್ನು ತಯಾರಕರಿಗೆ ಬರೆದು ತಿಳಿಸಿದ್ದೇನೆ. ಉತ್ತರವಿನ್ನೂ ಬಂದಿಲ್ಲ. ಅಲ್ಲಿಯವರೆಗೆ ಬಲದ ವೇಗಸ್ಸಿನ ಮೇಲೆ ಕಪ್ಪು ಪಟ್ಟಿ ಅಂಟಿಸಿ, ಸರಿಯಾದ ದಾರಿಯನ್ನು ನೀಲಿ ದಾರದಿಂದ ಗುರುತಿಸಿಟ್ಟಿದ್ದೇನೆ.

ಹೃದಯವನ್ನು ಅದರ ಆವರಣದ ಸಮೇತ ಕೊಟ್ಟಿದ್ದಾರೆ, ಮತ್ತು ಆವರಣದ ಮುಂಭಾಗ ಬಾಗಿಲಿನಂತೆ ತೆರೆಯುತ್ತದೆ. ತೆರೆದಾಗ ಮಹಾಪಧಮನಿ ಮತ್ತು ಶ್ವಾಸಕೋಶದ ಮೂಲ ಅಪಧಮನಿ ಇವೆರಡರ ಹಿಂದೆ, ಮೇಲಿನ ಮಹಾಭಿಧಮನಿಯ ಮುಂದೆ, ಒಂದು ಬೆರಳು ಆ ಕಡೆಯಿಂದ ಈ ಕಡೆಗೆ ಹಾದುಹೋಗುವಷ್ಟು ಸಂದು ಇದೆ. ಅಡ್ಡ ಸೈನಸ್ ಎನ್ನುವ ಈ ಸಂದಿನಲ್ಲಿ ಪಟ್ಟಿ ತೂರಿಸಿ ಶಸ್ತ್ರಚಿಕಿತ್ಸಕರು ಹೃದಯದಿಂದ ಹೊರಡುವ ಎರಡು ದೊಡ್ಡ ನಾಳಗಳನ್ನು ಹಿಡಿತಕ್ಕೆ ತಂದುಕೊಳ್ಳುತ್ತಾರೆ. ಮಾದರಿಯಲ್ಲಿ ನನ್ನ ತೋರುಬೆರಳು ಸಲೀಸಾಗಿ ಹಾಯಿತು. ಹೃದಯದ ಹಿಂದೆ, ಎಡ ಹೃತ್ಕರ್ಣದ ಬೆನ್ನಿಗಿರುವ ಓರೆ ಸೈನಸ್ಸಿಗೆ ಮಾತ್ರ ಅವಕಾಶವಿಲ್ಲ. ಅಲ್ಲಿ ಆವರಣವನ್ನು ಹೃದಯಕ್ಕೆ ಅಂಟಿಸಿಬಿಟ್ಟಿದ್ದಾರೆ. ಬಿಗಿಯಾಗಿ ಕೂರಲಿ ಎಂಬ ಕಾರಣಕ್ಕೆ ಹಾಗೆ ಮಾಡಿರಬಹುದು, ಆದರೂ ಮುಂದಿನ ಆವೃತ್ತಿಯಲ್ಲಿ ಅದನ್ನು ಬಿಡಿಸುವುದು ಒಳ್ಳೆಯದು.

ಆದರೆ ಎಡ ಹೃತ್ಕರ್ಣಕ್ಕೂ ಅನ್ನನಾಳಕ್ಕೂ ಇರುವ ಒತ್ತಿನ ನೆರೆತನವನ್ನು ಮಾದರಿ ಚೆನ್ನಾಗಿ ಹಿಡಿದಿದೆ. ಹೃದಯದ ನಾಲ್ಕು ಕೋಣೆಗಳಲ್ಲಿ ಅತ್ಯಂತ ಹಿಂದಿರುವುದು ಎಡ ಹೃತ್ಕರ್ಣ. ಆವರಣದ ಪೊರೆಯನ್ನು ದಾಟಿದರೆ ಅದರ ಬೆನ್ನಿಗೇ ಅನ್ನನಾಳ. ಎಡ ಹೃತ್ಕರ್ಣದಿಂದ ಕೆಳಗಿನ ಕೋಣೆಗೆ ತೆರೆಯುವ ಮೈಟ್ರಲ್ ಕವಾಟ ಕಿರಿದಾಗಿ ಹೃತ್ಕರ್ಣ ಹಿಗ್ಗಿದಾಗ ಅನ್ನನಾಳದ ಮೇಲೆ ಒತ್ತು ಬೀಳುವುದಕ್ಕೂ, ಬಾಯಿಯ ಮೂಲಕ ಅನ್ನನಾಳಕ್ಕೆ ಇಳಿಸಿದ, ಶಬ್ದದ ಅಲೆಗಳಿಂದ ಚಿತ್ರ ತೆಗೆಯುವ ಎಕೋ ಉಪಕರಣ ಹೃದಯವನ್ನು ಅಷ್ಟು ಸ್ಪಷ್ಟವಾಗಿ ತೋರಿಸುವುದಕ್ಕೂ ಕಾರಣ ಒಂದೇ. ಹೃದಯದ ತುಂಡನ್ನು ಕಳಚಿದಾಗ ಅನ್ನನಾಳದ ಮೇಲೆ ಹೃತ್ಕರ್ಣ ಕೂರುವ ತಗ್ಗು ಕಾಣುವಂತೆ ಅಚ್ಚು ಹಾಕಿರುವುದು ಅನುಭವವಿದ್ದವರ ಕೆಲಸ.

ಶ್ವಾಸನಾಳದ ಬಗ್ಗೆ ಎರಡು ಮಾತು ಸಾಕು. ಬಲದ ಕವಲು ಅಗಲವಾಗಿ, ಗಿಡ್ಡಾಗಿ, ಹೆಚ್ಚು ನೆಟ್ಟಗೆ ಇಳಿಯುವುದನ್ನು ಸರಿಯಾಗಿ ತೋರಿಸಿದ್ದಾರೆ. ಮಕ್ಕಳು ಉಸಿರಿನೊಡನೆ ಎಳೆದುಕೊಂಡ ಕಾಳೋ ಮಣಿಯೋ ಬಲಕ್ಕೆ ಬೀಳುವುದೇ ಹೆಚ್ಚು ಎಂಬುದಕ್ಕೆ ಇದು ವಿವರಣೆ. ಆದರೆ ನಾಳದ ಮೃದ್ವಸ್ಥಿಗಳನ್ನು ಪೂರ್ತಿ ಬಳೆಗಳಾಗಿ ಮಾಡಿರುವುದು ತಪ್ಪು. ಅವು ಹಿಂದಕ್ಕೆ ಬಾಯಿ ತೆರೆದ ಬಳೆಗಳು, ಆ ತೆರಪನ್ನು ಮುಚ್ಚಿರುವುದು ಮೃದುವಾದ ಸ್ನಾಯು; ಅದರ ಹಿಂದೆಯೇ ಅನ್ನನಾಳವಿದೆ.

ಹಿಂಭಾಗಕ್ಕೆ ಬಂದಾಗ ಕೆಲಸ ಅವಸರದಲ್ಲಿ ಮುಗಿದಂತಿದೆ. ಎದೆಗೋಡೆಯ ರಕ್ತವನ್ನು ತರುವ ಬಲಬದಿಯ ಅಜೈಗಸ್ ಅಭಿಧಮನಿ ಶ್ವಾಸಕೋಶದ ಬೇರಿನ ಮೇಲೆ ಕಮಾನಾಗಿ ಬಾಗಿ ಮೇಲಿನ ಮಹಾಭಿಧಮನಿಯನ್ನು ಸೇರುವ ದೃಶ್ಯ ಚೆನ್ನಾಗಿದೆ. ವಪೆಯಲ್ಲಿರುವ ಮೂರು ದ್ವಾರಗಳೂ ಸರಿಯಾದ ಎತ್ತರದಲ್ಲಿವೆ: ಕೆಳಗಿನ ಮಹಾಭಿಧಮನಿ ಎಂಟನೆಯ, ಅನ್ನನಾಳ ಹತ್ತನೆಯ, ಮಹಾಪಧಮನಿ ಹನ್ನೆರಡನೆಯ ಕಶೇರುಮಣಿಯ ಮಟ್ಟದಲ್ಲಿ ದಾಟುತ್ತವೆ. ಎಡವಿರುವುದು ಥೊರಾಸಿಕ್ ಡಕ್ಟ್ ವಿಷಯದಲ್ಲಿ. ದೇಹದ ಬಹುಭಾಗದ ದುಗ್ಧರಸವನ್ನೂ ಕರುಳಿನಿಂದ ಬರುವ ಕೊಬ್ಬನ್ನೂ ಹೊತ್ತು ತರುವ ಈ ತೆಳು ನಾಳ ಮಹಾಪಧಮನಿಯ ಜೊತೆಯಲ್ಲಿ ವಪೆಯನ್ನು ದಾಟಿ, ಮಹಾಪಧಮನಿ ಮತ್ತು ಅಜೈಗಸ್‌ಗಳ ನಡುವೆ ಬಲಕ್ಕೆ ವಾಲಿ ಏರುತ್ತದೆ. ಸುಮಾರು ಐದನೆಯ ಕಶೇರುಮಣಿಯ ಮಟ್ಟದಲ್ಲಿ ಅನ್ನನಾಳದ ಹಿಂದಿನಿಂದ ಎಡಕ್ಕೆ ದಾಟಿ, ಎಡಗತ್ತಿನ ಬುಡದಲ್ಲಿ ಅಭಿಧಮನಿಗಳು ಕೂಡುವಲ್ಲಿ ಬರಿದಾಗುತ್ತದೆ. ಮಾದರಿಯಲ್ಲಿ ಅದು ದಾಟುವುದೇ ಇಲ್ಲ. ಬಲದಲ್ಲಿಯೇ ನೇರವಾಗಿ ಏರಿ ಕಂಬದ ತುದಿಯಲ್ಲಿ ನಿಂತುಬಿಡುತ್ತದೆ. ನಾಳ ಕೆಳಗೆ ಗಾಯಗೊಂಡರೆ ಹಾಲಿನಂಥ ದ್ರವ ಸಾಮಾನ್ಯವಾಗಿ ಬಲ ಎದೆಯಲ್ಲಿ, ಮೇಲೆ ಗಾಯಗೊಂಡರೆ ಎಡ ಎದೆಯಲ್ಲಿ ತುಂಬುವುದು ಈ ದಾಟುವಿಕೆಯಿಂದಲೇ. ಅದನ್ನು ಬಿಟ್ಟ ಮೇಲೆ ಆ ನಾಳವನ್ನು ತೋರಿಸಿ ಪ್ರಯೋಜನವೇನು?

ಇನ್ನೊಂದು ಕೊರತೆ ಈ ಬಗೆಯ ಮಾದರಿಗಳ ಸ್ವಭಾವದಲ್ಲಿಯೇ ಇದೆ, ಆದರೂ ಹೇಳಬೇಕು. ಅಂಗಗಳ ನಡುವಿನ ಜಾಗ ಇಲ್ಲಿ ಬರಿದಾಗಿದೆ. ನಿಜವಾದ ಎದೆಯಲ್ಲಿ ಆ ಜಾಗವನ್ನು ಕೊಬ್ಬು, ಸಡಿಲ ಜೋಡಕ ಅಂಗಾಂಶ ಮತ್ತು ದುಗ್ಧರಸ ಗ್ರಂಥಿಗಳು ತುಂಬಿರುತ್ತವೆ. ಅಂಗಾಂಶ ಸಡಿಲವಾಗಿರುವುದರಿಂದಲೇ ಹೃದಯ ಮಿಡಿಯಲು, ಅನ್ನನಾಳ ಹಿಗ್ಗಲು, ಶ್ವಾಸನಾಳ ಉಸಿರಿನೊಡನೆ ಚಲಿಸಲು ಸಾಧ್ಯ. ಅದೇ ಕಾರಣದಿಂದ ಹಲ್ಲಿನ ಬುಡದಲ್ಲೋ ಗಂಟಲಿನಲ್ಲೋ ಆರಂಭವಾದ ಸೋಂಕು ಕತ್ತಿನ ಪದರಗಳ ನಡುವೆ ಇಳಿದು ಎದೆಯ ನಡುಭಾಗವನ್ನು ತಲುಪಿ ಪ್ರಾಣಕ್ಕೇ ಸಂಚಕಾರ ತರಬಲ್ಲದು. ಎರಿಕ್ ಕಾರ್ಲೆನ್ಸ್ 1959ರಲ್ಲಿ ವಿವರಿಸಿದ ಮೀಡಿಯಾಸ್ಟೈನೋಸ್ಕೋಪಿ ಎಂಬ ವಿಧಾನವೂ ಶ್ವಾಸನಾಳದ ಮುಂದಿನ ಇದೇ ಸಡಿಲ ಪದರವನ್ನು ದಾರಿ ಮಾಡಿಕೊಂಡಿದೆ: ಕತ್ತಿನ ಬುಡದಲ್ಲಿ ಸಣ್ಣ ಸೀಳು ಮಾಡಿ, ಬೆರಳಿನಿಂದ ಪದರವನ್ನು ಬಿಡಿಸಿಕೊಂಡು, ನಳಿಕೆ ಇಳಿಸಿ ದುಗ್ಧರಸ ಗ್ರಂಥಿಗಳ ತುಣುಕನ್ನು ಪರೀಕ್ಷೆಗೆ ತೆಗೆಯುತ್ತಾರೆ. ಶ್ವಾಸಕೋಶದ ಕ್ಯಾನ್ಸರ್ ಎಷ್ಟು ಹರಡಿದೆ ಎಂಬ ನಿರ್ಣಯ ಬಹುಮಟ್ಟಿಗೆ ಈ ಗ್ರಂಥಿಗಳ ಮೇಲೆ ನಿಂತಿದೆ. ಮಾದರಿಯಲ್ಲಿ ಶ್ವಾಸನಾಳದ ಕವಲಿನ ಕೆಳಗಿನ ಒಂದು ಗೊಂಚಲನ್ನು ಬಿಟ್ಟರೆ ಗ್ರಂಥಿಗಳೇ ಇಲ್ಲ. ಕೊಬ್ಬನ್ನು ತೋರಿಸುವುದು ಕಷ್ಟವೆಂದು ಒಪ್ಪಬಹುದು. ಗ್ರಂಥಿಗಳನ್ನು ಬಿಟ್ಟಿರುವುದನ್ನು ಒಪ್ಪಲಾಗದು.

ಕೈಪಿಡಿ ಹಳೆಯ ನಾಲ್ಕು ಪಾಲುಗಳ ವಿಂಗಡಣೆಯನ್ನಷ್ಟೇ ಹೇಳುತ್ತದೆ. ಸಿ.ಟಿ. ಚಿತ್ರಗಳನ್ನು ಆಧರಿಸಿ ರಕ್ತನಾಳಗಳ ಮುಂದಿನ ಭಾಗ, ಒಳಾಂಗಗಳ ಭಾಗ, ಬೆನ್ನುಮೂಳೆಯ ಪಕ್ಕದ ಭಾಗ ಎಂದು ಮೂರಾಗಿ ಹಂಚುವ ಕ್ರಮವನ್ನು ಥೈಮಸ್ ಗಡ್ಡೆಗಳ ತಜ್ಞರ ಅಂತರರಾಷ್ಟ್ರೀಯ ಗುಂಪೊಂದು 2014ರಲ್ಲಿ ಮುಂದಿಟ್ಟಿದೆ. ಗಡ್ಡೆ ಯಾವ ಪಾಲಿನಲ್ಲಿದೆ ಎಂಬುದರಿಂದಲೇ ಅದು ಏನಾಗಿರಬಹುದೆಂಬ ಅರ್ಧ ಊಹೆ ದೊರೆಯುತ್ತದೆ. ಮುಂದಿನ ಪಾಲಿನಲ್ಲಿ ಥೈಮಸ್ಸಿನ ಗಡ್ಡೆ, ಲಿಂಫೋಮಾ ಎಂಬ ದುಗ್ಧರಸ ಅಂಗಾಂಶದ ಕ್ಯಾನ್ಸರ್, ಹಲವು ಬಗೆಯ ಅಂಗಾಂಶಗಳು ಕೂಡಿದ ಟೆರಟೋಮಾ ಗಡ್ಡೆಗಳನ್ನೂ, ಬೆನ್ನುಮೂಳೆಯ ಪಕ್ಕದಲ್ಲಿ ನರಮೂಲದ ಗಡ್ಡೆಗಳನ್ನೂ ಮೊದಲು ನೆನೆಯುತ್ತಾರೆ. ಇದಕ್ಕೆ ಕೈಪಿಡಿಯಲ್ಲಿ ಒಂದು ಪುಟ ಮೀಸಲಿಡಬಹುದಿತ್ತು.

ಬಾಳಿಕೆ ತೃಪ್ತಿಕರ. ಮೂರು ತಂಡಗಳ ಕೈಗಳಲ್ಲಿ ಆಡಿದರೂ ಅಯಸ್ಕಾಂತಗಳ ಹಿಡಿತ ಸಡಿಲವಾಗಿಲ್ಲ, ಬಣ್ಣ ಮಾಸಿರುವುದು ಕಮಾನಿನ ಅಂಚಿನಲ್ಲಿ ಮಾತ್ರ. ಹಳದಿ ಎಳೆಯನ್ನು ಎಳೆಯದಂತೆ ಮೊದಲೇ ಹೇಳಿಡುವುದು ಅಗತ್ಯ, ಏಕೆಂದರೆ ಅದು ಕಳಚಿದರೆ ಮರಳಿ ಸಿಕ್ಕಿಸುವುದು ಸುಲಭವಲ್ಲ.

ಪಕ್ಕದಲ್ಲಿ ನಿಂತು ತಪ್ಪುಗಳನ್ನು ತಿದ್ದಬಲ್ಲ ಶಿಕ್ಷಕರಿದ್ದಲ್ಲಿ ಈ ಮಾದರಿಯನ್ನು ಧೈರ್ಯವಾಗಿ ಕೊಳ್ಳಬಹುದು. ಎದೆಮೂಳೆಯ ಹಾಳೆ, ಎಡದ ನರ, ಅಡ್ಡ ಸೈನಸ್ ಮತ್ತು ಅನ್ನನಾಳದ ತಗ್ಗು ಈ ನಾಲ್ಕಕ್ಕಾಗಿಯೇ ಅದು ಅರ್ಹ. ಒಬ್ಬರೇ ಕುಳಿತು ಪರೀಕ್ಷೆಗೆ ಓದುವ ವಿದ್ಯಾರ್ಥಿಗೆ, ಬಲದ ವೇಗಸ್ ಮತ್ತು ಥೊರಾಸಿಕ್ ಡಕ್ಟ್ ಸರಿಯಾಗುವವರೆಗೆ, ನಾನು ಇದನ್ನು ಸೂಚಿಸುವುದಿಲ್ಲ. ಈಗಾಗಲೇ ಕೊಂಡವರು ಅರ್ಧ ಮೀಟರ್ ಬಿಳಿ ದಾರವನ್ನು ತೆಗೆದುಕೊಂಡು, ಅನ್ನನಾಳದ ತುಂಡನ್ನು ಕಳಚಿ, ಐದನೆಯ ಕಶೇರುಮಣಿಯ ಮೇಲೆ ಬಲದಿಂದ ಎಡಕ್ಕೆ ದಾರವನ್ನು ಓರೆಯಾಗಿ ಅಂಟಿಸಿ ಮತ್ತೆ ಮುಚ್ಚಬಹುದು. ನನ್ನ ಮಾದರಿಯಲ್ಲಿ ಆ ದಾರ ಎರಡು ತಂಡಗಳ ಪಾಠವನ್ನು ದಾಟಿ ಇಂದಿಗೂ ಗಟ್ಟಿಯಾಗಿ ನಿಂತಿದೆ.